ಕಡಲಗಾಳಿ ನಿಂತರೆ ಪೂರ್ವಕ್ಕೆ ನೋಡು

ಕಾರವಾರ

ಚಿ. ಸುಮಾಳಿಗೆ ಮಾವನ ಆಶೀರ್ವಾದ.

ಬಜ್ಪೆ ವಿಮಾನ ನಿಲ್ದಾಣದ ಹವಾಮಾನ ಕಚೇರಿಯಲ್ಲಿ ನಿನ್ನ ಪಾಳಿ ಶುರುವಾಯಿತಂತೆ, ಅಮ್ಮ ಹೇಳಿದಳು. ಊಟ, ನಿದ್ದೆಯ ಬುದ್ಧಿಮಾತು ಅವಳೇ ಸಾಕಷ್ಟು ಹೇಳಿರುತ್ತಾಳೆ. ನಾನು ಮೋಡದ ಮಾತಷ್ಟೇ ಬರೆಯುತ್ತೇನೆ.

ಮಳೆ ಕಡಲಿನಿಂದಲೇ ಬರುವುದು ಅಂತ ನಮಗೆ ಕರಾವಳಿಯವರಿಗೆ ಒಂದು ರೂಢಿ. ಜೂನ್ ಬಂದ ಮೇಲೆ ಅದು ಸರಿಯೇ. ಏಪ್ರಿಲ್, ಮೇ ತಿಂಗಳಲ್ಲಿ ಮಾತ್ರ ಕಡಲಿಗೆ ಬೆನ್ನು ಹಾಕಿ ನಿಲ್ಲಬೇಕು. ಬಿಸಿಲಿಗೆ ನೆಲ ಕಾದಂತೆ ಕಡಲಗಾಳಿ ತೇವ ಹೊತ್ತು ಘಟ್ಟ ಹತ್ತುತ್ತದೆ. ಮಧ್ಯಾಹ್ನಕ್ಕೆ ಇಲ್ಲಿ ಕದ್ರಾ ಕಡೆ ಹೂಕೋಸಿನಂಥ ಮೋಡ ಏಳುತ್ತದೆ. ಅದರ ತಲೆ ಚಪ್ಪಟೆಯಾಗಿ ಹರಡಿತೋ, ಸಿಬಿ, ಅಂದರೆ ಗುಡುಗಿನ ಮೋಡ, ಆಯಿತು ಅಂತಲೇ ತಿಳಿ. ಮೇಲಿನ ಗಾಳಿ ಪೂರ್ವದ್ದಾದರೆ ಸಂಜೆಗೆ ಘಟ್ಟ ಇಳಿದು ನಮ್ಮ ತಲೆ ಮೇಲಿರುತ್ತದೆ.

ಹವಾಮಾನ ವೀಕ್ಷಕನಾಗಿದ್ದಾಗ ನಾನೇ ಒಮ್ಮೆ ತಪ್ಪಿದೆ. ಎರಡು ದಿನ ಗುಡುಗು ಬರುತ್ತದೆ ಅಂತ ಬರೆದಿದ್ದೆ, ಬರಲಿಲ್ಲ. ಬಂದರಿನವರು ನಕ್ಕರು. ಮೂರನೇ ದಿನ ಪೂರ್ವ ಕಪ್ಪಾಗಿದ್ದರೂ ಹಗುರ ಮಾಡಿ ಬರೆದೆ. ಸಂಜೆ ಕಡಲಗಾಳಿ ತಟ್ಟನೆ ನಿಂತಿತು. ತೆಂಗಿನ ಗರಿ ಅಲುಗಲಿಲ್ಲ. ಆಮೇಲೆ ಗುಡ್ಡದ ಕಡೆಯಿಂದ ತಣ್ಣನೆಯ ಗಾಳಿ ನುಗ್ಗಿತು ನೋಡು, 35 ನಾಟ್, ಅಂದರೆ ಗಂಟೆಗೆ 65 ಕಿಲೋಮೀಟರ್. ಎರಡು ದೋಣಿ ಮಗುಚಿದವು. ಜನ ಈಜಿ ದಡ ಸೇರಿದರು, ಅದೇ ನನ್ನ ಪುಣ್ಯ.

ವಿಮಾನಕ್ಕೆ ಈ ಗಾಳಿ ಇನ್ನೂ ಕೆಟ್ಟದ್ದು. ಕಡಲಗಾಳಿಗೆ ಮುಖ ಮಾಡಿ 24ನೇ ರನ್‌ವೇಗೆ ಇಳಿಯುವ ಪೈಲಟ್ ಎದುರುಗಾಳಿಯನ್ನು ನಂಬಿರುತ್ತಾನೆ. ಅದು ಕಣ್ಣುಮುಚ್ಚಿ ತೆರೆಯುವುದರಲ್ಲಿ ಹಿಂಗಾಳಿಯಾದರೆ ರೆಕ್ಕೆಗೆ ಆಸರೆ ತಪ್ಪಿ ವಿಮಾನ ಕುಸಿಯುತ್ತದೆ. ನಿಮ್ಮದು ಗುಡ್ಡದ ಮೇಲಿನ ರನ್‌ವೇ ಬೇರೆ. ಗಾಳಿ ತಿರುಗಿತು ಅಂತ ಕಂಡ ಕೂಡಲೇ ಸ್ಪೆಸಿ, ಅಂದರೆ ವಿಶೇಷ ವರದಿ, ಕಳಿಸು, ಟವರ್‌ಗೆ ತಿಳಿಸು. ಹೊತ್ತುಹೊತ್ತಿಗೆ ಕಳಿಸುವ ಮಾಮೂಲಿ ವರದಿ ಇದೆಯಲ್ಲ, ಆ ಮುಂದಿನ ಮೆಟಾರ್‌ನಲ್ಲಿ ಬರೆದರಾಯಿತು ಅಂತ ಕೂರಬೇಡ.

ರಾಡಾರ್ ನೋಡು, ಬೇಡ ಅನ್ನುವುದಿಲ್ಲ. (ನಮ್ಮ ಕಾಲಕ್ಕೆ ಕಣ್ಣೇ ರಾಡಾರ್.) ಆದರೂ ನಡುನಡುವೆ ಹೊರಗೆ ಬಾ. ಕತ್ತಲಲ್ಲಿ ಮಿಂಚಿದರೆ ಗುಡುಗು ಕೇಳುವ ತನಕ ಎಣಿಸು. ಮೂರು ಸೆಕೆಂಡಿಗೆ ಒಂದು ಕಿಲೋಮೀಟರ್, ಲೆಕ್ಕ ಸುಲಭ ಅಲ್ವಾ? ನಿನ್ನೆ ಹೇಳಿದ್ದು ಸುಳ್ಳಾಯಿತು ಅಂತ ಇವತ್ತಿನ ಎಚ್ಚರಿಕೆಯನ್ನು ಹಗುರ ಮಾಡಬೇಡ. ನಗುವವರು ನಗಲಿ.

ಶಿರಸಿಯಿಂದ ಅಪ್ಪೆಮಿಡಿ ಉಪ್ಪಿನಕಾಯಿ ತರಿಸಿದ್ದೇನೆ. ನಿನ್ನ ಪಾಲು ಎತ್ತಿಟ್ಟಿದೆ. ರಜೆ ಸಿಕ್ಕಿದರೆ ಬಾ, ಇಲ್ಲದಿದ್ದರೆ ಬಸ್ಸಿಗೆ ಹಾಕುತ್ತೇನೆ.

ಇಂತಿ,
ನಿನ್ನ ಮಾವ