ಐದನೇ ತರಗತಿಯ ಓದಿನ ಪರೀಕ್ಷೆ: ಪಾಲಕರಿಗೆ ಪತ್ರ

ಮಾನ್ಯ ಪಾಲಕರೇ,

ನಮಸ್ಕಾರ. ಕಳೆದ ವಾರ ಮಕ್ಕಳ ಕೈಯಲ್ಲಿ ಕಳಿಸಿದ ಓದಿನ ಪರೀಕ್ಷೆಯ ಚೀಟಿಯಿಂದ ಹಲವರ ಮನೆಯಲ್ಲಿ ಗಲಿಬಿಲಿಯಾಗಿದೆ. "ಕಿರುಪರೀಕ್ಷೆಯಲ್ಲಿ 91 ತಗೊಂಡವನಿಗೆ ಇದರಲ್ಲಿ 63 ಹೇಗೆ ಬಂತು, ಪೇಪರ್ ತೋರಿಸಿ" ಎಂದು ಒಬ್ಬರು ಬರೆದುಕೊಟ್ಟೇ ಕೇಳಿದ್ದಾರೆ. ಅದರ ಬೆನ್ನಿಗೇ ಯಾರೋ ತರಗತಿಯ ಮಕ್ಕಳ ಸಂಖ್ಯೆಗಳನ್ನೆಲ್ಲ ಕಲೆಹಾಕಿ, ಮೇಲಿನಿಂದ ಕೆಳಗೆ ಪಟ್ಟಿ ಮಾಡಿ ವಾಟ್ಸಾಪ್ ಗ್ರೂಪಿಗೆ ಹಾಕಿದ್ದಾರೆ. ಯಾರೆಂದು ನಾನು ಕೇಳುವುದಿಲ್ಲ. ಆದರೆ ಆ ಪಟ್ಟಿಯ ಕೊನೆಯ ಹೆಸರುಗಳನ್ನು ಮಕ್ಕಳೂ ಓದಿದ್ದಾರೆ ಎಂಬುದು ನಿಮಗೆ ಗೊತ್ತಿರಲಿ.

ಮೊದಲು ನಮ್ಮ ತಪ್ಪು. ಚೀಟಿಯಲ್ಲಿ 'ಪರ್ಸೆಂಟೈಲ್' ಎಂಬ ಪದವೇ ಇರಲಿಲ್ಲ, ಬರೀ ಸಂಖ್ಯೆ ಇತ್ತು. ಬರೀ 63 ಕಂಡರೆ ಯಾರಾದರೂ ನೂರಕ್ಕೆ 63 ಅಂತಲೇ ಓದುತ್ತಾರೆ. ಅದು ಹಾಗಲ್ಲ.

ಲೆಕ್ಕ ಸುಲಭವಾಗಲೆಂದು ಒಂದು ಉದಾಹರಣೆ ಹಿಡಿಯೋಣ. ಪರೀಕ್ಷೆಯಲ್ಲಿ 40 ಪ್ರಶ್ನೆ. ಮಾನಕ ಗುಂಪು, ಅಂದರೆ ಪರೀಕ್ಷೆ ತಯಾರಿಸುವಾಗ ಮೊದಲು ಬರೆಸಿ ನೋಡಿದ ಬೇರೆ ಬೇರೆ ಶಾಲೆಗಳ ಐದನೇ ತರಗತಿಯ ಮಕ್ಕಳು, ಸರಾಸರಿ 24 ಸರಿ ಮಾಡಿದ್ದಾರೆ. ಮಾನಕ ವಿಚಲನೆ, ಅಂದರೆ ಮಕ್ಕಳ ಅಂಕಗಳು ಸರಾಸರಿಯಿಂದ ಸಾಮಾನ್ಯವಾಗಿ ಎಷ್ಟು ಆಚೀಚೆ ಇರುತ್ತವೆ ಎಂಬ ಅಳತೆ, 6. ನಿಮ್ಮ ಮಗು 26 ಸರಿ ಮಾಡಿದೆ. ಶೇಕಡಾ ಲೆಕ್ಕದಲ್ಲಿ ಅದು 65. ಪರ್ಸೆಂಟೈಲ್ 63, ಅಂದರೆ ಅಂಥ ನೂರು ಮಕ್ಕಳನ್ನು ಸಾಲಾಗಿ ನಿಲ್ಲಿಸಿದರೆ ಸುಮಾರು 63 ಮಕ್ಕಳು ನಿಮ್ಮ ಮಗುವಿನ ಹಿಂದೆ ನಿಲ್ಲುತ್ತಾರೆ. ಸರಾಸರಿಗಿಂತ ತುಸು ಮೇಲೆ, ಅಷ್ಟೇ. ಬೈಯುವಂಥದ್ದು ಇದರಲ್ಲಿ ಏನೂ ಇಲ್ಲ.

ಹಾಗಾದರೆ ಆ 91? ಕಿರುಪರೀಕ್ಷೆಯಲ್ಲಿ ನಾವು ಕೇಳುವುದು ಕಲಿಸಿದ ಪಾಠವನ್ನೇ. ಎಲ್ಲರೂ ಸರಿ ಬರೆದರೆ ನಮಗೇ ಸಂತೋಷ. ಈ ಪರೀಕ್ಷೆಯ ಕೆಲಸ ಬೇರೆ. ಎಲ್ಲ ಮಕ್ಕಳೂ ಸರಿ ಮಾಡುವ ಪ್ರಶ್ನೆಯಿಂದ ಯಾರಿಗೆ ಓದು ಕಷ್ಟ ಎಂದು ತಿಳಿಯುವುದಿಲ್ಲ, ಹಾಗಾಗಿ ಅಂಥವನ್ನು ತಯಾರಿಸುವಾಗಲೇ ತೆಗೆದುಹಾಕಿ, ಅರ್ಧದಷ್ಟು ಮಕ್ಕಳು ತಪ್ಪು ಮಾಡುವ ಪ್ರಶ್ನೆಗಳನ್ನು ಬೇಕೆಂದೇ ಉಳಿಸಿಕೊಳ್ಳುತ್ತಾರೆ. ಚೆನ್ನಾಗಿ ಓದುವ ಮಗುವೂ ಹತ್ತು ಪ್ರಶ್ನೆ ತಪ್ಪು ಮಾಡಬಹುದು. ಹಾಗಾಗಲೆಂದೇ ಅದನ್ನು ಮಾಡಿರುವುದು.

ಪಟ್ಟಿ ಯಾಕೆ ಸಲ್ಲದು ಎಂಬುದನ್ನು ಸ್ವಲ್ಪ ಬಿಡಿಸಿ ಹೇಳಬೇಕು. ಅದೇ ಮಗುವಿಗೆ ಮುಂದಿನ ವಾರ ಇಂಥದೇ ಇನ್ನೊಂದು ಪೇಪರ್ ಕೊಟ್ಟರೆ ಮತ್ತೆ 26 ಬಂದೇ ಬರುತ್ತದೆ ಎಂದೇನಿಲ್ಲ. 24 ಬರಬಹುದು, 28 ಬರಬಹುದು. ಎಷ್ಟು ಹಿಂದುಮುಂದಾದೀತು ಎಂಬುದಕ್ಕೂ ಲೆಕ್ಕವಿದೆ. ಪರೀಕ್ಷೆಯ ವಿಶ್ವಸನೀಯತೆ, ಅಂದರೆ ಮತ್ತೆ ಬರೆಸಿದರೂ ಫಲಿತಾಂಶ ಎಷ್ಟು ಸ್ಥಿರವಾಗಿರುತ್ತದೆ ಎಂಬ ಅಳತೆ (ಪೂರ್ತಿ ಸ್ಥಿರವಾದರೆ 1), 0.89 ಎಂದಿಟ್ಟುಕೊಳ್ಳಿ, ಅದು ಒಳ್ಳೆಯ ಪರೀಕ್ಷೆಯೇ. 1ರಿಂದ ಅದನ್ನು ಕಳೆದು, ಉಳಿದದ್ದರ ವರ್ಗಮೂಲ ತೆಗೆದು, ಮಾನಕ ವಿಚಲನೆಯಾದ 6ರಿಂದ ಗುಣಿಸಿದರೆ ಸುಮಾರು 2. ಅಂದರೆ ಈ 26 ನಿಜದಲ್ಲಿ '24ರಿಂದ 28ರೊಳಗೆ', ಅದೂ ಮೂರರಲ್ಲಿ ಎರಡು ಸಲ ಮಾತ್ರ. ಪರ್ಸೆಂಟೈಲ್‌ನಲ್ಲಿ ಹೇಳಿದರೆ 50ರಿಂದ 75! ಪಟ್ಟಿಯಲ್ಲಿ 63 ಮತ್ತು 50ರ ನಡುವೆ ಎಷ್ಟೋ ಹೆಸರುಗಳಿವೆ, ಆದರೆ ಆ ಅಂತರ ಬರೀ ಎರಡು ಪ್ರಶ್ನೆಯದು. ಸಾಲಿನ ನಡುವೆ ಮಕ್ಕಳು ಒತ್ತೊತ್ತಾಗಿ ನಿಂತಿರುವುದರಿಂದ 24ರಿಂದ 27ಕ್ಕೆ ಹೋದರೆ ಪರ್ಸೆಂಟೈಲ್ 50ರಿಂದ 69ಕ್ಕೆ ಜಿಗಿಯುತ್ತದೆ. ತುದಿಯಲ್ಲಿ ಅದೇ ಮೂರು ಪ್ರಶ್ನೆಗೆ, 36ರಿಂದ 39ಕ್ಕೆ, 98 ಇದ್ದದ್ದು 99 ಆಗುತ್ತದೆ. ಇಂಥ ಅಳತೆಗೋಲು ಹಿಡಿದು ಏಳನೆಯವಳು, ಹನ್ನೆರಡನೆಯವನು ಎಂದು ಎಣಿಸಿದರೆ ಅದು ಮಾಪನವಲ್ಲ.

ನಿಮಗೆ ಆಸೆ ಇರುವುದು ತಪ್ಪಲ್ಲ. ಮಗು ಎಲ್ಲಿದೆ ಎಂದು ತಿಳಿಯುವ ಹಕ್ಕು ನಿಮ್ಮದೇ. ಆ ಹಕ್ಕಿನಂತೆ ನಿಮ್ಮ ಮಗುವಿನ ಫಲಿತಾಂಶವನ್ನು ಎದುರು ಕೂತು ವಿವರಿಸುತ್ತೇವೆ, ಎಷ್ಟು ಹೊತ್ತು ಬೇಕಾದರೂ. ಪಕ್ಕದ ಮನೆಯ ಮಗುವಿನದನ್ನು ಮಾತ್ರ ಹೇಳುವುದಿಲ್ಲ.

ಇನ್ನು ಪ್ರಶ್ನೆಪತ್ರಿಕೆ. ಮುಚ್ಚಿಡುವಂಥದ್ದು ಏನೋ ಇದೆ ಎಂದು ಕೆಲವರಿಗೆ ಅನಿಸಿದೆ. ಕಿರುಪರೀಕ್ಷೆಯ ಪೇಪರನ್ನು ಪ್ರತಿ ಸಲ ತಿದ್ದಿ ಮನೆಗೆ ಕಳಿಸುತ್ತೇವಲ್ಲ, ಇದನ್ನೂ ಕಳಿಸಿ ಎನ್ನುವುದು ಸಹಜ. ಆದರೆ ಇದನ್ನು ಕಳಿಸಲು ಬರುವುದಿಲ್ಲ. ಅದರಲ್ಲಿರುವ ನಾಲ್ಕು ಗದ್ಯಭಾಗಗಳು ಮನೆಗೆ ಬಂದರೆ ನಾಳೆ ಟ್ಯೂಷನ್‌ನಲ್ಲಿ ಅವನ್ನೇ ಓದಿಸುತ್ತಾರೆ. ಮುಂದಿನ ಸಲ ಮಗು 33 ತೆಗೆದೀತು, ನಿಜ. ಆದರೆ ಮಾನಕ ಗುಂಪಿನ ಮಕ್ಕಳು ಆ ಭಾಗಗಳನ್ನು ಮೊದಲೇ ನೋಡಿರಲಿಲ್ಲ, ಆದ್ದರಿಂದ ಹೋಲಿಕೆಯೇ ಕೆಡುತ್ತದೆ. ತಕ್ಕಡಿಯ ಕೆಳಗೆ ಬೆರಳು ಕೊಟ್ಟ ಹಾಗೆ. ನಷ್ಟ ಶಾಲೆಗಲ್ಲ: ಒತ್ತಕ್ಷರ ಬಂದಲ್ಲೆಲ್ಲ ತಡವರಿಸುವ ಮಗುವಿಗೆ 'ಓದು ಚೆನ್ನಾಗಿದೆ' ಎಂದು ಬಂದರೆ ಆ ಮಗುವಿಗೆ ಸಿಗಬೇಕಾದ ನೆರವು ತಪ್ಪಿಹೋಗುತ್ತದೆ. ಬೇಸರ ಬೇಡ. ಯಾವ ಬಗೆಯ ಪ್ರಶ್ನೆಯಲ್ಲಿ ಮಗು ಎಡವಿದೆ, ನೇರ ಉತ್ತರದಲ್ಲೋ, ಊಹಿಸಬೇಕಾದ ಉತ್ತರದಲ್ಲೋ, ಪದದ ಅರ್ಥದಲ್ಲೋ, ಅದನ್ನೆಲ್ಲ ತೋರಿಸುತ್ತೇವೆ. ಪೇಪರ್ ಮಾತ್ರ ಕೊಡುವುದಿಲ್ಲ.

ಪರೀಕ್ಷೆ ನಡೆಸಿದ್ದರಲ್ಲೂ ಒಂದು ಎಡವಟ್ಟಾಗಿದೆ. ಬಿ ವಿಭಾಗದಲ್ಲಿ ಇನ್ನೂ ನಾಲ್ಕು ನಿಮಿಷ ಇರುವಾಗಲೇ ಬಿಡುವಿನ ಗಂಟೆ ಹೊಡೆಯಿತು, ಅರ್ಧ ತರಗತಿ ಪೆನ್ಸಿಲ್ ಕೆಳಗಿಟ್ಟಿತು. ಸಮಯ ಬದಲಾದರೆ ಆ ಅಂಕವನ್ನು ಮಾನಕ ಗುಂಪಿನ ಅಂಕಗಳ ಕೋಷ್ಟಕದೊಂದಿಗೆ ಹೋಲಿಸಲು ಬರುವುದಿಲ್ಲ. ಬಿ ವಿಭಾಗದ ಚೀಟಿಗಳನ್ನು ಹಿಂದಕ್ಕೆ ಪಡೆದು, ಸಮಾನಾಂತರ ಪೇಪರಿನಲ್ಲಿ, ಅಂದರೆ ಅಷ್ಟೇ ಕಷ್ಟದ ಬೇರೆ ಪ್ರಶ್ನೆಗಳ ಪೇಪರಿನಲ್ಲಿ, ಮತ್ತೆ ಬರೆಸುತ್ತೇವೆ. ಕನ್ನಡಕ ಮನೆಯಲ್ಲಿ ಬಿಟ್ಟು ಬಂದಿದ್ದ ಮೂವರೂ ಆಗಲೇ ಬರೆಯಲಿ. ಮನೆಯಲ್ಲಿ ಕೊಂಕಣಿ, ಉರ್ದು, ಮರಾಠಿ ಮಾತಾಡುವ ಮಕ್ಕಳ ಪಾಲಕರಿಗೆ ಇನ್ನೊಂದು ಮಾತು: ಇದು ಕನ್ನಡ ಓದಿನ ಅಳತೆ, ಬುದ್ಧಿಯ ಅಳತೆಯಲ್ಲ.

ಬುದ್ಧಿ ಎಂದಾಗ ನೆನಪಾಯಿತು, "ಐಕ್ಯೂ ಕೂಡ ತೆಗೆಸಿಬಿಡಿ" ಎಂದು ಇಬ್ಬರು ಕೇಳಿದ್ದಾರೆ. ಆ ಪರೀಕ್ಷೆಯ ಕನ್ನಡ ಬೇರು ಇರುವುದು ನಮ್ಮ ಧಾರವಾಡದಲ್ಲೇ: ವಿ.ವಿ. ಕಾಮತ್ ಅವರು ಫ್ರಾನ್ಸಿನ ಮನೋವಿಜ್ಞಾನಿ ಬಿನೆಯ ಬುದ್ಧಿಪರೀಕ್ಷೆಯನ್ನು ಕನ್ನಡಕ್ಕೂ ಮರಾಠಿಗೂ ಒಗ್ಗಿಸಿದ್ದು ಇಲ್ಲಿಯೇ. ಬಿನೆ 1905ರಲ್ಲಿ ಪ್ಯಾರಿಸ್ಸಿನಲ್ಲಿ ಅದನ್ನು ಮಾಡಿದ್ದು ತರಗತಿಯಲ್ಲಿ ಹಿಂದೆ ಬೀಳುವ ಮಕ್ಕಳನ್ನು ಗುರುತಿಸಿ ನೆರವಾಗಲೆಂದು, ಜಾಣರಿಗೆ ಪದಕ ಕೊಡಲೆಂದಲ್ಲ. ಅದನ್ನು ತರಬೇತಾದ ಮನೋವಿಜ್ಞಾನಿಯೇ ಒಂದೊಂದೇ ಮಗುವನ್ನು ಕೂರಿಸಿಕೊಂಡು ಮಾಡಬೇಕು. ಉದಾಹರಣೆಗೆ, ಮಗು ಕೇಳಿ ನೆನಪಿಟ್ಟು ಮರಳಿ ಹೇಳಬೇಕಾದ ಅಂಕಿಗಳನ್ನು ಸೆಕೆಂಡಿಗೊಂದರಂತೆ ಒಂದೇ ದನಿಯಲ್ಲಿ ಹೇಳಬೇಕು. ಫೋನ್ ನಂಬರ್ ಹೇಳುವ ಹಾಗೆ ಜೋಡಿ ಜೋಡಿಯಾಗಿ ಹೇಳಿದರೆ ನೆನಪಿಡುವುದು ಸುಲಭವಾಗಿ ಫಲಿತಾಂಶವೇ ಬದಲಾಗುತ್ತದೆ. ಶಾಲೆಯಲ್ಲಿ ನಾವು ಅದನ್ನು ಮಾಡುವುದಿಲ್ಲ. ಅಗತ್ಯ ಕಂಡ ಮಗುವಿನ ಪಾಲಕರೊಂದಿಗೆ ನಾವೇ ಮಾತಾಡುತ್ತೇವೆ.

ಗ್ರೂಪಿನಲ್ಲಿರುವ ಪಟ್ಟಿಯನ್ನು ದಯವಿಟ್ಟು ಅಳಿಸಿ.

ಹೊಸ ಚೀಟಿಯಲ್ಲಿ ಒಂಟಿ ಸಂಖ್ಯೆ ಇರುವುದಿಲ್ಲ, '50ರಿಂದ 75' ಎಂಬಂತೆ ವ್ಯಾಪ್ತಿ ಇರುತ್ತದೆ. ಬರುವ ಶನಿವಾರ ಬೆಳಗಿನ ಶಾಲೆ ಬಿಟ್ಟ ಮೇಲೆ ಎ ವಿಭಾಗದವರು, ಅದರ ಮುಂದಿನ ಶನಿವಾರ ಬಿ ವಿಭಾಗದವರು ಬನ್ನಿ. ಒಬ್ಬೊಬ್ಬರಿಗೆ ಹತ್ತು ನಿಮಿಷ ಇಟ್ಟಿದ್ದೇವೆ. ಸಾಲದಿದ್ದರೆ ಸೋಮವಾರವೂ ಬರಬಹುದು.

ಇತಿ ನಿಮ್ಮ ವಿಶ್ವಾಸಿ,
ಮುಖ್ಯೋಪಾಧ್ಯಾಯರು