ಫೈಲು ಬಿಚ್ಚಿ ನೋಡಿದೆಯಾ?

ಪ್ರೀತಿಯ ತಮ್ಮನಿಗೆ,

ನಿನ್ನ ಹಸ್ತಪ್ರತಿ ಬಂದು ಮೂರು ವಾರವಾಯಿತು. ಜೊತೆಗಿದ್ದ ಚೀಟಿಯನ್ನೇ ಮೊದಲು ಓದಿದೆ. ‘ನಮ್ಮೂರ ವಾರಪತ್ರಿಕೆಯ ಚರಿತ್ರೆ ಯಾರಿಗೆ ಬೇಕು, ಒಲೆಗೆ ಹಾಕಿಬಿಡಲಾ?’ ಅಂತ ಕೇಳಿದ್ದೀಯ. ನಿಮ್ಮ ಮನೆಯಲ್ಲಿ ಇರೋದು ಗ್ಯಾಸು, ನನಗೆ ಗೊತ್ತು. ಸುಮ್ನೆ ಇರು.

ಕಾಗುಣಿತ, ಅಧ್ಯಾಯ, ಮುನ್ನುಡಿ ಯಾರ ಹತ್ತಿರ ಬರೆಸಬೇಕು, ಇದನ್ನೆಲ್ಲ ನನ್ನನ್ನು ಕೇಳಬೇಡ. ಯಾರಾದರೂ ಹೇಳಿಕೊಡುತ್ತಾರೆ. ನನ್ನ ತಕರಾರು ಬೇರೆ. 140 ಪುಟ ಬರೆದಿದ್ದೀಯ. ಪತ್ರಿಕೆಯ ಒಂದು ಸಂಚಿಕೆಯನ್ನಾದರೂ ಬಿಚ್ಚಿ ಓದಿದ ಗುರುತಿಲ್ಲ. ಸಂಪಾದಕರ ಮಗ ಹೇಳಿದ್ದು, ಶಿಷ್ಯರು ಹೇಳಿದ್ದು, ಬೆಳ್ಳಿಹಬ್ಬದ ಭಾಷಣ. ಎಲ್ಲರೂ ‘ನಿರ್ಭೀತ ಪತ್ರಕರ್ತ’ ಅಂದರು, ನೀನೂ ಅಂದುಬಿಟ್ಟೆ. ಯಾರಿಗೆ ಹೆದರಲಿಲ್ಲಪ್ಪಾ? ಯಾವ ವಾರ?

ಮೊದಲ 12 ಪುಟ ಜರ್ಮನ್ ಪಾದ್ರಿ ಮೋಗ್ಲಿಂಗರಿಗೆ ಹೋಗಿದೆ. 1843ರ ಜುಲೈ 1, ‘ಮಂಗಳೂರ ಸಮಾಚಾರ’. ಪ್ರತಿ ವರ್ಷ ಪತ್ರಿಕಾ ದಿನದಂದು ಶಾಲು ಹೊದಿಸಿಕೊಳ್ಳುತ್ತಾ ಇದನ್ನೇ ಕೇಳಿ ನನ್ನ ಕಿವಿ ತೂತು ಬಿದ್ದಿದೆ. ಅದರಲ್ಲಿರುವ ಚೆಂದದ ಸಂಗತಿಯನ್ನೇ ಹಾರಿಸಿದ್ದೀಯ. ಆ ಪತ್ರಿಕೆ ಕಲ್ಲಚ್ಚಿನಲ್ಲಿ, ಅಂದರೆ ಕಲ್ಲಿನ ಮೇಲೆ ಬರೆದು ಅಚ್ಚೊತ್ತಿ, ಬರುತ್ತಿತ್ತು. ಮರುವರ್ಷವೇ ಅಚ್ಚುಮೊಳೆ (ಒಂದೊಂದು ಅಕ್ಷರದ ಲೋಹದ ತುಂಡು) ಇದ್ದ ಬಳ್ಳಾರಿಗೆ ಹೋಯಿತು, ಹೆಸರೂ ‘ಕನ್ನಡ ಸಮಾಚಾರ’ ಆಯಿತು. ಕನ್ನಡದ ಮೊದಲ ಪತ್ರಿಕೆಯೇ ಮೊಳೆ ಹುಡುಕಿಕೊಂಡು ಗುಳೆ ಹೋಗಿದೆ! ನಿನ್ನ ಪುಸ್ತಕದಲ್ಲಿ ಪ್ರೆಸ್ಸು ಎಲ್ಲಿದೆ ಮಾರಾಯ?

ಹಳೆಯ ಸಂಚಿಕೆಗಳನ್ನು ಕಟ್ಟಿಟ್ಟ ಫೈಲು ಓದು. ಕೊನೆಯ ಪುಟದಿಂದ ಓದು, ಸಂಪಾದಕೀಯ ಆಮೇಲೆ. ಪ್ರತಿ ವರ್ಷ ಫೆಬ್ರವರಿ ಕಳೆದ ಮೇಲಿನ ಮೊದಲ ಸಂಚಿಕೆಯಲ್ಲಿ ‘ಫಾರ್ಮ್ 4’ ಅಂತ ಒಂದು ಚೌಕ ಇರುತ್ತದೆ. ಮಾಲೀಕರು ಯಾರು, ಬಂಡವಾಳದಲ್ಲಿ ನೂರಕ್ಕೆ ಒಂದಕ್ಕಿಂತ ಜಾಸ್ತಿ ಪಾಲು ಯಾರದು, ಆಗಿನ ಕಾನೂನು ಹೇಳಿಸಿಯೇ ಬಿಡುತ್ತಿತ್ತು. ಆ ಚೌಕಗಳನ್ನು ಸಾಲಾಗಿ ಇಟ್ಟು ನೋಡು. ಹೆಸರು ಬದಲಾದ ವರ್ಷ ಮೊದಲ ಪುಟದ ದನಿಯೂ ಬದಲಾಯಿತಾ? ಪುರಸಭೆಯ ಟೆಂಡರು ಜಾಹೀರಾತು ಯಾವಾಗಲಾದರೂ ತಟ್ಟನೆ ನಿಂತಿದೆಯಾ? ನಿಂತಿದ್ದರೆ ಹಿಂದಿನ ವಾರದ ಸುದ್ದಿ ಓದು. ನಿಮ್ಮವರ ನಿರ್ಭೀತಿ ಸಿಕ್ಕರೆ ಅಲ್ಲಿ ಸಿಗಬೇಕು. 1975ರ ಜುಲೈ ಸಂಚಿಕೆಗಳನ್ನಂತೂ ಬಿಡಬೇಡ. ತುರ್ತು ಪರಿಸ್ಥಿತಿ ಬಂದ ಆ ವಾರಗಳಲ್ಲಿ ನಾನು ಏನು ಬರೆದೆ ಗೊತ್ತಾ? ಹಲಸಿನ ಹಣ್ಣಿನ ಬಗ್ಗೆ. ಒಳ್ಳೆಯ ಲೇಖನ ಅಂತ ಹೊಗಳಿಸಿಕೊಂಡೆ ಕೂಡ.

ನಾನೂ ಇಂಥದೇ ವಾರಪತ್ರಿಕೆಯಲ್ಲಿ ಹನ್ನೊಂದು ವರ್ಷ ದುಡಿದವನು. ನಮ್ಮ ಕಂಪೋಸಿಟರು ಮೊಳೆ ಜೋಡಿಸುತ್ತಲೇ ನನ್ನ ಬರಹ ಓದುತ್ತಿದ್ದರು, ಅದೂ ತಿರುಗುಮುರುಗಾಗಿ. ‘ಸ್ವಾಮಿ, ಮೊಳೆ ಪೆಟ್ಟಿಗೆಯಲ್ಲಿ ತ ಒತ್ತು ಖಾಲಿ. ನಿಮ್ಮ ಇರುತ್ತದೆ, ಬರುತ್ತದೆ ಸ್ವಲ್ಪ ಕಡಿಮೆ ಮಾಡಿ’ ಅನ್ನುತ್ತಿದ್ದರು. ನನ್ನ ವಾಕ್ಯ ಚಿಕ್ಕದಾದದ್ದು ಹಾಗೆ. ವಿಮರ್ಶಕರು ಅದಕ್ಕೆ ಶೈಲಿ ಅಂತ ಹೆಸರಿಟ್ಟರು, ನಾನೂ ಹೌದು ಅಂತ ತಲೆಯಾಡಿಸಿದೆ.

ಪ್ರತಿ ಸಂಚಿಕೆಯ ಬುಡದಲ್ಲಿ ಮುದ್ರಕ, ಪ್ರಕಾಶಕ, ಸಂಪಾದಕ, ಇಷ್ಟೇ ಹೆಸರು. ಹತ್ತನೇ ವರ್ಷದ ವಿಶೇಷಾಂಕದಲ್ಲಿ ತಮ್ಮ ಹೆಸರನ್ನು ಒಂದು ಸಲ ಹಾಕಬಹುದಾ ಅಂತ ಆ ಕಂಪೋಸಿಟರು ಕೇಳಿದರು. ಜಾಗ ಇಲ್ಲ ಅಂದೆ. ಜಾಗ ಇತ್ತು. ಅಲ್ಲಿ ನನ್ನ ಪದ್ಯ ಹಾಕಿಕೊಂಡೆ. ಅದಕ್ಕೂ ಮೊಳೆ ಜೋಡಿಸಿದ್ದು ಅವರೇ. ತಪ್ಪೇ ಇರಲಿಲ್ಲ.

ನಿಮ್ಮೂರಲ್ಲಿ ಆ ಕಾಲದ ಕಂಪೋಸಿಟರು ಯಾರಾದರೂ ಬದುಕಿದ್ದರೆ ಹುಡುಕು. ಫೈಲು ಮುಟ್ಟುವಾಗ ಮೂಗಿಗೆ ಬಟ್ಟೆ ಕಟ್ಟಿಕೋ, ಧೂಳು ಜಾಸ್ತಿ. ಮಳೆ ಹಿಡಿಯುವ ಮೊದಲೇ ಹೋಗು, ಗೆದ್ದಲು ನಿನಗಿಂತ ಬೇಗ ಓದುತ್ತದೆ.

ಹಸ್ತಪ್ರತಿ ವಾಪಸ್ ಕಳಿಸುತ್ತಿಲ್ಲ. ಒಲೆಯ ಮಾತಾಡಿದವನ ಕೈಗೆ ಕೊಡಲು ನನಗೆ ಧೈರ್ಯ ಸಾಲದು. ಫೈಲು ಓದಿಕೊಂಡು ನೀನೇ ಬಂದು ತೆಗೆದುಕೊಂಡು ಹೋಗು. ಊಟಕ್ಕೆ ಇರುವ ಹಾಗೆ ಬಾ.

ನಿನ್ನ ಅಣ್ಣ