ಮಾತಿಲ್ಲದ ನಟಿಯ ಬಗ್ಗೆ ಅಪ್ಪನಿಗೆ

ಕೋಪನ್‌ಹೇಗನ್
ಭಾನುವಾರ ರಾತ್ರಿ

ಪ್ರೀತಿಯ ಅಪ್ಪನಿಗೆ ನಮಸ್ಕಾರಗಳು.

ನಾನು ಚೆನ್ನಾಗಿದ್ದೇನೆ. ಅಮ್ಮ ಕಳಿಸಿದ ಚಟ್ನಿಪುಡಿ ಇನ್ನೂ ಇದೆ. ಈ ಸಲ ಊರಿನ ಕುರುಕ್ಷೇತ್ರ ನಾಟಕದಲ್ಲಿ ನೀವು ಪಾರ್ಟು ಮಾಡುವುದಿಲ್ಲ ಅಂದಿರಂತೆ. ಗಂಟಲು ಕೆಟ್ಟ ಮೇಲೆ ಕರ್ಣನ ಪದ್ಯ ಹಾಡಲಾಗುವುದಿಲ್ಲ, ಕಂಠವಿಲ್ಲದವನಿಗೆ ಬಣ್ಣ ಯಾಕೆ ಅಂದಿರಂತೆ. ಅಮ್ಮ ಇದನ್ನು ಹೇಳಿದಾಗಿನಿಂದ ನಿಮಗೆ ಒಬ್ಬ ನಟಿಯ ವಿಷಯ ಬರೆಯಬೇಕು ಅನ್ನಿಸುತ್ತಿದೆ. ಫೋನಿನಲ್ಲಿ ಸರಿಯಾಗಿ ಹೇಳಲು ಆಗುವುದಿಲ್ಲ.

ಆಕೆ ಆಸ್ಟಾ ನೀಲ್ಸನ್. 1881ರಲ್ಲಿ ಇದೇ ಊರಿನಲ್ಲಿ, ಬಡವರ ಮನೆಯಲ್ಲಿ ಹುಟ್ಟಿದವಳು. ಚಿಕ್ಕವಳಿದ್ದಾಗಲೇ ಅಪ್ಪ ತೀರಿಕೊಂಡ. ರಾಯಲ್ ಥಿಯೇಟರಿನ ಶಾಲೆಯಲ್ಲಿ ನಟನೆ ಕಲಿತಳು. ಮದುವೆಗೆ ಮುಂಚೆಯೇ ಮಗಳು ಹುಟ್ಟಿದಳು. ಮಗುವಿನ ತಂದೆ ಯಾರೆಂದು ಆಕೆ ಕೊನೆಯವರೆಗೂ ಹೇಳಲಿಲ್ಲ. ಮಗುವನ್ನು ಸಾಕಿಕೊಂಡೇ ನಾಟಕ ಮಾಡಿದಳು, ಊರೂರು ತಿರುಗಿದಳು. ಆದರೆ ರಂಗಭೂಮಿ ಆಕೆಗೆ ದೊಡ್ಡ ಹೆಸರು ಕೊಡಲಿಲ್ಲ.

1910ರಲ್ಲಿ ಉರ್ಬಾನ್ ಗಾಡ್ ಎಂಬಾತ ಆಕೆಯನ್ನು ಹಾಕಿಕೊಂಡು 'ಆಫ್‌ಗ್ರುಂಡೆನ್' ಎಂಬ ಮೂಕಿ ಚಿತ್ರ ತೆಗೆದ. ಹಾಗೆಂದರೆ ಪ್ರಪಾತ. ಸುಮಾರು ಒಂದು ವಾರದಲ್ಲಿ ಚಿತ್ರೀಕರಣ ಮುಗಿಯಿತು. ಅದೊಂದೇ ಚಿತ್ರ ಆಕೆಯ ಬದುಕನ್ನು ತಿರುಗಿಸಿತು.

ನಿನ್ನೆ ಅದನ್ನು ಇಲ್ಲಿನ ಸಿನೆಮಾತೇಕಿನಲ್ಲಿ, ಅಂದರೆ ಹಳೆಯ ಚಿತ್ರಗಳನ್ನೂ ತೋರಿಸುವ ಚಿತ್ರಮಂದಿರದಲ್ಲಿ, ನೋಡಿದೆ ಅಪ್ಪ. ಅಲ್ಲಿನ ಒಂದು ಹಾಲಿಗೆ ಆಸ್ಟಾ ಅಂತಲೇ ಹೆಸರಿದೆ. ಪಿಯಾನೊ ಪಾಠ ಹೇಳಿಕೊಡುವ ಹುಡುಗಿ ಸರ್ಕಸ್ಸಿನವನ ಹಿಂದೆ ಹೋಗಿ ಹಾಳಾಗುವ ಕಥೆ. ಕಥೆ ಹೊಸದೇನಲ್ಲ. ಆದರೆ ಕೊನೆಯಲ್ಲಿ ಅವನನ್ನು ಚಾಕುವಿನಿಂದ ತಿವಿದ ಮೇಲೆ ಪೊಲೀಸರು ಅವಳನ್ನು ಕರೆದುಕೊಂಡು ಹೋಗುತ್ತಾರೆ. ಅವಳು ಎದೆ ಬಡಿದುಕೊಳ್ಳುವುದಿಲ್ಲ, ಕೈ ಎತ್ತುವುದಿಲ್ಲ. ಸುಮ್ನೆ ನಡೆಯುತ್ತಾಳೆ. ಮುಖದಲ್ಲಿ ಜೀವವೇ ಇಲ್ಲ. ನನಗೆ ನೀವೇ ಕಣ್ಣಮುಂದೆ ಬಂದಿರಿ. ಕುಂತಿ ತಾನೇ ತಾಯಿ ಎಂದು ಹೇಳಿದಾಗ ನೀವು ಹಾಗೇ ನಿಂತುಬಿಡುತ್ತಿದ್ದಿರಿ. ಆಗ ಹಾರ್ಮೋನಿಯಂ ಮೇಷ್ಟ್ರು ಕೂಡ ಕೈ ತೆಗೆದು ನೋಡುತ್ತಿದ್ದರು. ನಾನು ಚಾಪೆಯ ಮೇಲೆ ಕೂತು ಅಳುತ್ತಿದ್ದದ್ದು ಪದ್ಯ ಕೇಳಿ ಅಲ್ಲ.

ಮರುವರ್ಷವೇ ಆಕೆ ಜರ್ಮನಿಗೆ ಹೋದಳು. ಮಾತೇ ಇಲ್ಲದ ಮೇಲೆ ಭಾಷೆ ಯಾವುದಾದರೇನು? ನಡುವೆ ಬರುವ ಬರಹ ಬದಲಿಸಿದರೆ ಆಯಿತು, ಯಾವ ದೇಶದಲ್ಲಾದರೂ ಚಿತ್ರ ಓಡುತ್ತಿತ್ತು. ಎಲ್ಲ ಸೇರಿ 70ಕ್ಕೂ ಜಾಸ್ತಿ ಚಿತ್ರ ಮಾಡಿದಳು. ತನ್ನದೇ ಕಂಪನಿ ಕಟ್ಟಿ ಹ್ಯಾಮ್ಲೆಟ್ ಮಾಡಿದಳು, 1921ರಲ್ಲಿ ಅದು ತೆರೆಗೆ ಬಂತು. ಅದರಲ್ಲಿ ಹ್ಯಾಮ್ಲೆಟ್, ಗಂಡೆಂದು ಹೇಳಿ ಬೆಳೆಸಿದ ಹೆಣ್ಣು! ನಮ್ಮ ಕಂಪನಿ ನಾಟಕಗಳಲ್ಲಿ ಗಂಡಸರು ಸೀರೆ ಉಟ್ಟರೆ, ಇಲ್ಲಿ ಇವಳು ರಾಜಕುಮಾರನಾದಳು. ಗುಬ್ಬಿ ವೀರಣ್ಣನವರೂ ಮೂಕಿ ಚಿತ್ರ ಮಾಡಿದ್ದರು ಅಂತ ನೀವೇ ಹೇಳಿದ್ದಿರಿ, ಅಲ್ವಾ?

ಟಾಕಿ ಬಂದ ಮೇಲೆ 1932ರಲ್ಲಿ ಒಂದೇ ಒಂದು ಮಾತಿನ ಚಿತ್ರದಲ್ಲಿ ನಟಿಸಿದಳು. ಆಮೇಲೆ ಡೆನ್ಮಾರ್ಕಿಗೆ ವಾಪಸ್ ಬಂದಳು. ತನ್ನ ಕಥೆ ಬರೆದಳು, ಬಟ್ಟೆ ತುಂಡುಗಳನ್ನು ಅಂಟಿಸಿ ಚಿತ್ರ ಮಾಡಿದಳು. 1972ರಲ್ಲಿ ತೀರಿಕೊಂಡಾಗ 90 ವರ್ಷ.

ಅಪ್ಪ, ಪದ್ಯವನ್ನು ಪಕ್ಕದಲ್ಲಿ ಕೂತು ಬೇರೆ ಯಾರಾದರೂ ಹಾಡಲಿ. ಕುಂತಿಯ ಸೀನು ಮಾತ್ರ ನೀವೇ ಮಾಡಿ. ಮೇಷ್ಟ್ರನ್ನು ಒಮ್ಮೆ ಕೇಳಿ, ಅವರು ಬೇಡ ಅನ್ನುವುದಿಲ್ಲ. ತಮ್ಮನಿಗೆ ವಿಡಿಯೊ ಮಾಡಲು ಹೇಳಿದ್ದೇನೆ. ದೂರದಿಂದ ಬೇಡ, ಮುಂದೆ ಕೂತು ನಿಮ್ಮ ಮುಖ ಕಾಣುವ ಹಾಗೆ ಹಿಡಿಯಲಿ.

ನಿಮ್ಮ ಮಗಳು